ವಿಕೆಟ್ ತೆಗೆಯದವನಿಗೂ ಟೀ ಸಿಗಬೇಕಲ್ವಾ?

ಕೊಚ್ಚಿಯಲ್ಲಿ ಕ್ರಿಕೆಟ್ ಮಾತಾಡೋಕೆ ಜನ ಸಿಗೋದು ಸ್ವಲ್ಪ ಕಷ್ಟವೇ. ವರ್ಲ್ಡ್ ಕಪ್ ಬಂತೆಂದರೆ ಇಲ್ಲಿ ಓಣಿ ಓಣಿಯಲ್ಲೂ ಬ್ರೆಜಿಲ್, ಅರ್ಜೆಂಟೀನಾ ಬಾವುಟ ಹಾರುತ್ತವೆ, ಅದು ಫುಟ್‌ಬಾಲ್ ವರ್ಲ್ಡ್ ಕಪ್ ಅಂತ ಬೇರೆ ಹೇಳಬೇಕಾಗಿಲ್ಲ. ಆದರೆ 2025ರ ಫೆಬ್ರವರಿಯಲ್ಲಿ ಒಂದು ಹತ್ತು ದಿನ ಮಾತ್ರ ಚಾಯದಂಗಡಿಯಲ್ಲೂ ರಣಜಿ ಟ್ರೋಫಿಯದೇ ಮಾತು. ಕ್ವಾರ್ಟರ್ ಫೈನಲ್‌ನಲ್ಲಿ ಜಮ್ಮು ಕಾಶ್ಮೀರದ ಮೇಲೆ 1 ರನ್ನಿನ ಮುನ್ನಡೆ. ಸೆಮಿಫೈನಲ್‌ನಲ್ಲಿ ಗುಜರಾತಿನ ಮೇಲೆ 2 ರನ್ನಿನ ಮುನ್ನಡೆ. ಅದೂ ಹೇಗೆ ಅಂತೀರಿ? ಬ್ಯಾಟ್ಸ್‌ಮನ್ ಬೀಸಿ ಹೊಡೆದ ಚೆಂಡು ಶಾರ್ಟ್ ಲೆಗ್‌ನಲ್ಲಿ ನಿಂತಿದ್ದ ಸಲ್ಮಾನ್ ನಿಸಾರ್ ಹೆಲ್ಮೆಟ್ಟಿಗೆ ಬಡಿದು, ಮೇಲಕ್ಕೆ ಪುಟಿದು, ಸ್ಲಿಪ್ಪಿನಲ್ಲಿದ್ದ ನಾಯಕ ಸಚಿನ್ ಬೇಬಿ ಕೈಗೆ ಬಂತು! ಕೇರಳ ಮೊದಲ ಸಲ ಫೈನಲ್ಲಿಗೆ ಹೋಯಿತು. ನಾಗಪುರದಲ್ಲಿ ವಿದರ್ಭದ ಎದುರು ಪಂದ್ಯ ಡ್ರಾ ಆಗಿ, ಮೊದಲ ಇನಿಂಗ್ಸ್ ಲೆಕ್ಕದಲ್ಲಿ ಕಪ್ ಕೈತಪ್ಪಿತು. ಇರಲಿ ಬಿಡಿ.

ನನಗೆ ಆಗ ತಲೆಯಲ್ಲಿ ಕೊರೆಯುತ್ತಿದ್ದದ್ದು ಬೇರೆ ವಿಷಯ. ಆ ಹೆಲ್ಮೆಟ್ ವಿಕೆಟ್ ತೆಗೆದ ಬೌಲರ್ ಆದಿತ್ಯ ಸರ್ವಟೆ ಮಲಯಾಳಿ ಅಲ್ಲ, ವಿದರ್ಭದವನು. ಒಂಬತ್ತು ಸೀಸನ್ ಕೇರಳದ ಸ್ಪಿನ್ ಬೌಲಿಂಗನ್ನು ಹೆಗಲ ಮೇಲೆ ಹೊತ್ತ ಜಲಜ್ ಸಕ್ಸೇನಾ ಮಧ್ಯಪ್ರದೇಶದವನು. 2024ರ ನವೆಂಬರ್‌ನಲ್ಲಿ ತಿರುವನಂತಪುರದ ತುಂಬಾದ ಸೇಂಟ್ ಝೇವಿಯರ್ಸ್ ಕಾಲೇಜು ಮೈದಾನದಲ್ಲಿ ಉತ್ತರ ಪ್ರದೇಶದ ವಿರುದ್ಧ ಐದು ವಿಕೆಟ್ ತೆಗೆದು, ರಣಜಿಯಲ್ಲಿ 6000 ರನ್ನು, 400 ವಿಕೆಟ್ ಎರಡೂ ಮಾಡಿದ ಮೊದಲ ಆಟಗಾರ ಅನ್ನಿಸಿಕೊಂಡ. ಭಾರತ ತಂಡಕ್ಕೆ ಆಡಲು ಮಾತ್ರ ಒಂದು ದಿನವೂ ಕರೆ ಬರಲಿಲ್ಲ. ಮುಂದಿನ ಸೀಸನ್ನಿಗೆ ಮಹಾರಾಷ್ಟ್ರ ಸೇರಿ, ಅದೇ ತಿರುವನಂತಪುರದ ಕಾರ್ಯವಟ್ಟಂ ಮೈದಾನದಲ್ಲಿ ಕೇರಳದ ವಿರುದ್ಧವೇ ಬ್ಯಾಟು ಹಿಡಿದ. ಇಂಥ ಆಟಗಾರರನ್ನು 'ಗೆಸ್ಟ್ ಪ್ಲೇಯರ್' ಅಂತಾರೆ. ಅತಿಥಿ ಆಟಗಾರ.

ಕೇರಳದಲ್ಲಿ ಈ ಅತಿಥಿ ಅನ್ನೋ ಮಾತು ಇನ್ನೊಂದು ಕಡೆಯೂ ಕೇಳುತ್ತೆ. ಬಂಗಾಳ, ಅಸ್ಸಾಂ, ಒಡಿಶಾ, ಬಿಹಾರದಿಂದ ಇಲ್ಲಿ ಗಾರೆ ಕೆಲಸಕ್ಕೆ, ಪೆರುಂಬಾವೂರಿನ ಪ್ಲೈವುಡ್ ಕಾರ್ಖಾನೆಗಳಿಗೆ, ಹೋಟೆಲ್ಲಿನ ಅಡಿಗೆಮನೆಗಳಿಗೆ ಬಂದವರನ್ನು ಸರ್ಕಾರವೇ 'ಅತಿಥಿ ತೊಳಿಲಾಳಿ' ಅಂತ ಕರೆಯುತ್ತೆ. ಒಳ್ಳೆ ಪದವೇ. ನಾವೂ ಒಂದು ಕಾಲಕ್ಕೆ ಹೀಗೇ ದುಡಿಯೋಕೆ ಬಂದವರು. ನಾನು ಧಾರವಾಡ ಬಿಟ್ಟು ಎರ್ನಾಕುಲಂ ಸೌತ್ ಸ್ಟೇಷನ್ನಿನಲ್ಲಿ ಟ್ರಂಕು ಇಳಿಸಿ ಇಪ್ಪತ್ತೈದು ವರ್ಷದ ಮೇಲಾಯಿತು. ಆದರೆ ಅತಿಥಿ ಅಂದಮೇಲೆ ಒಂದು ಪ್ರಶ್ನೆ ಬರಬೇಕಲ್ಲ: ಅತಿಥಿಗೆ ಟೀ ಯಾವ ಲೋಟದಲ್ಲಿ ಕೊಡ್ತೀವಿ?

ಈ ಪ್ರಶ್ನೆ ಬಂದಾಗಲೆಲ್ಲ ನನಗೆ ನೆನಪಾಗೋದು ನಮ್ಮೂರಲ್ಲೇ ಹುಟ್ಟಿದ ಒಬ್ಬ ಬೌಲರ್. ಹೆಸರು ಪಾಲ್ವಣಕರ್ ಬಾಲೂ.

ಹೆಸರು ಕೇಳಿದ್ದೀರಾ? ರಾಮಚಂದ್ರ ಗುಹಾ 2002ರಲ್ಲಿ ತಂದ ಭಾರತೀಯ ಕ್ರಿಕೆಟ್ಟಿನ ಇತಿಹಾಸದ ಪುಸ್ತಕ ಓದಿದವರಿಗೆ ಗೊತ್ತಿರುತ್ತೆ. ಉಳಿದಂತೆ ಚಂದ್ರಶೇಖರ್, ಪ್ರಸನ್ನ, ಕುಂಬ್ಳೆ ಅಂತ ಸ್ಪಿನ್ನರ್‌ಗಳ ವಂಶಾವಳಿ ಹೇಳೋ ನಮ್ಮ ಮನೆಗಳಲ್ಲಿ ಬಾಲೂ ಹೆಸರು ಕೇಳೋದೇ ಇಲ್ಲ. 1870ರ ದಶಕದ ನಡುವೆ ಧಾರವಾಡದಲ್ಲಿ ಹುಟ್ಟಿದ ಮನುಷ್ಯ. ಮನೆತನದ ಮೂಲ ಕೊಂಕಣ ತೀರದ ಪಾಲ್ವಣ ಅನ್ನೋ ಹಳ್ಳಿ, ಅದರಿಂದಲೇ ಆ ಅಡ್ಡಹೆಸರು. ಜಾತಿ ಚಮ್ಮಾರರದ್ದು. ಆಗಿನ ಲೆಕ್ಕದಲ್ಲಿ ಮುಟ್ಟಿಸಿಕೊಳ್ಳದವರು. ತಂದೆ ಸೈನ್ಯದ ಕೆಲಸದಲ್ಲಿದ್ದರು. ಹುಡುಗ ಬೆಳೆದದ್ದು ಪುಣೆಯಲ್ಲಿ.

ಬಾಲೂಗೆ ಸಿಕ್ಕ ಮೊದಲ ಕೆಲಸ ಪಾರ್ಸಿಗಳ ಒಂದು ಕ್ರಿಕೆಟ್ ಕ್ಲಬ್ಬಿನಲ್ಲಿ ಪಿಚ್ ಗುಡಿಸೋದು, ಉರುಳುಗಲ್ಲು ಎಳೆಯೋದು. ಸಂಬಳ ತಿಂಗಳಿಗೆ 3 ರೂಪಾಯಿ. 1892ರ ಸುಮಾರಿಗೆ ಬಿಳಿಯರ ಪೂನಾ ಕ್ಲಬ್ಬಿಗೆ ಹೋದಾಗ 4 ರೂಪಾಯಿ ಆಯಿತು. ಬಲೆ ಕಟ್ಟಬೇಕು, ಗೆರೆ ಎಳೆಯಬೇಕು, ರೋಲರ್ ಎಳೆಯಬೇಕು, ಸಾಹೇಬರು ಪ್ರಾಕ್ಟೀಸಿಗೆ ಬಂದರೆ ಬೌಲ್ ಮಾಡಬೇಕು. ಅಲ್ಲಿ ಕ್ಯಾಪ್ಟನ್ ಗ್ರೇಗ್ ಅಂತ ಒಬ್ಬ ದೊಡ್ಡ ಬ್ಯಾಟ್ಸ್‌ಮನ್ ಇದ್ದ. ಇಂಗ್ಲೆಂಡಿನ ಹ್ಯಾಂಪ್‌ಶೈರ್ ಕೌಂಟಿಗೆ ಆಡಿದವನು. ಬಾಲೂ ತನ್ನನ್ನು ಔಟ್ ಮಾಡಿದಾಗಲೆಲ್ಲ ಎಂಟಾಣೆ ಕೊಡುತ್ತಿದ್ದ ಅಂತ ಒಂದು ಕಥೆಯಿದೆ. ಗಂಟೆಗಟ್ಟಲೆ ಹಾಗೆ ಬೌಲ್ ಮಾಡಿ ಮಾಡಿಯೇ ಆ ಎಡಗೈ ಪಳಗಿತು.

ಇಷ್ಟೆಲ್ಲ ಬೌಲ್ ಮಾಡಿಸಿಕೊಂಡವರು ಒಂದು ದಿನವೂ ಅವನ ಕೈಗೆ ಬ್ಯಾಟು ಕೊಡಲಿಲ್ಲ. ಬ್ಯಾಟಿಂಗ್ ಅಂದರೆ ಗೌಡಿಕೆ, ಬೌಲಿಂಗ್ ಅಂದರೆ ಕೂಲಿ. ಇಂಗ್ಲೆಂಡಿನಲ್ಲೂ ಹಾಗೇ ಇತ್ತು: ದುಡ್ಡಿಗೆ ಆಡೋ ವೃತ್ತಿಯವರಿಗೆ ಒಂದು ಬಾಗಿಲು, ಹವ್ಯಾಸಕ್ಕೆ ಆಡೋ ದೊಡ್ಡಮನುಷ್ಯರಿಗೆ ಇನ್ನೊಂದು ಬಾಗಿಲು. ನಮ್ಮಲ್ಲಿ ಆ ಎರಡು ಬಾಗಿಲಿನ ಜೊತೆ ಜಾತಿಯ ಮೂರನೇ ಬಾಗಿಲೂ ಇತ್ತು, ಅಷ್ಟೇ ವ್ಯತ್ಯಾಸ.

ಬಿಳಿಯರನ್ನು ಸೋಲಿಸೋ ಆಸೆ ಪುಣೆಯ ಹಿಂದೂ ಕ್ಲಬ್ಬಿನವರಿಗೂ ಬಂತು. ಬಾಲೂ ಬೇಕೇ ಬೇಕು, ಆದರೆ ಜಾತಿ? ಚರ್ಚೆಯಾಯಿತು. ಕೊನೆಗೆ ಸೇರಿಸಿಕೊಂಡರು. ಮೈದಾನದಲ್ಲಿ ಎಲ್ಲರೂ ಮುಟ್ಟಿದ ಚೆಂಡನ್ನೇ ಅವನೂ ಮುಟ್ಟಬೇಕು, ಅದಕ್ಕೆ ಏನೂ ಮಾಡೋಕಾಗಲ್ಲ. ಟೀ ವೇಳೆಗೆ ಮಾತ್ರ ಉಳಿದವರು ಪೆವಿಲಿಯನ್ ಒಳಗೆ ಪಿಂಗಾಣಿ ಕಪ್ಪಿನಲ್ಲಿ ಕುಡಿಯೋರು, ಬಾಲೂಗೆ ಹೊರಗಡೆ ಒಂದು ಮಣ್ಣಿನ ಕುಡಿಕೆ. ಕುಡಿದು ಎಸೆಯೋದು. ಮುಖ ತೊಳೆಯಲು ನೀರು ಬೇಕೆಂದರೆ ಅವನದೇ ಥರದ ಒಬ್ಬ ಆಳು ತಂದು ಹೊಯ್ಯಬೇಕು. ಊಟಕ್ಕೆ ಬೇರೆ ತಟ್ಟೆ, ಬೇರೆ ಜಾಗ.

ಸಾತಾರಾದಲ್ಲಿ ಬಿಳಿಯರ ಜಿಮ್ಖಾನಾ ವಿರುದ್ಧ 7 ವಿಕೆಟ್ ತೆಗೆದ ಮೇಲೆ ಮಾತು ಬದಲಾಯಿತು. ಮಹಾದೇವ ಗೋವಿಂದ ರಾನಡೆ ಅಂಥ ಸುಧಾರಕರು ಬಾಲೂ ಪರವಾಗಿ ಬಹಿರಂಗವಾಗಿ ಮಾತಾಡಿದರು. ಒಟ್ಟಿಗೆ ಆಡುವವರು ಒಟ್ಟಿಗೆ ಉಣ್ಣೋಕೆ ಯಾಕೆ ಹಿಂಜರಿಯಬೇಕು ಅನ್ನೋದು ಅವರ ವಾದ. ಬೊಂಬಾಯಿಗೆ ಬಂದು ಪರಮಾನಂದದಾಸ್ ಜೀವನದಾಸ್ ಹಿಂದೂ ಜಿಮ್ಖಾನಾ ಸೇರಿದ ಮೇಲೆ ಒಳಗೆ ಜೊತೆಯಲ್ಲೇ ಕೂರಿಸಿ ಊಟ ಹಾಕಿದರು. ಬಿ.ಬಿ.ಸಿ.ಐ. ರೈಲ್ವೆಯಲ್ಲಿ ಕೆಲಸವೂ ಸಿಕ್ಕಿತು. ಇದನ್ನೂ ಹೇಳಲೇಬೇಕು, ಇಲ್ಲದಿದ್ದರೆ ಅನ್ಯಾಯವಾಗುತ್ತೆ.

1906ರ ಫೆಬ್ರವರಿಯಲ್ಲಿ ಬೊಂಬಾಯಿಯಲ್ಲಿ ಹಿಂದೂಗಳು ಮತ್ತು ಯೂರೋಪಿಯನ್ನರ ಪಂದ್ಯ. ಹಿಂದೂಗಳು 242 ಮತ್ತು 160. ಯೂರೋಪಿಯನ್ನರು 191 ಮತ್ತು 102. ಗೆಲುವು 109 ರನ್ನಿಂದ. ಬಾಲೂ ಮೊದಲ ಇನಿಂಗ್ಸಿನಲ್ಲಿ 3, ಎರಡನೆಯದರಲ್ಲಿ 5 ವಿಕೆಟ್ ತೆಗೆದರು. (ಇಷ್ಟಾದ ಮೇಲೆ ನಾನೂ 'ಅವನು' ಬಿಟ್ಟು 'ಅವರು' ಅನ್ನೋದು ನೋಡಿ! ಇದೇ ನೋಡಿ ನಮ್ಮ ರೋಗ :) ). 'ಇಂಡಿಯನ್ ಸೋಶಿಯಲ್ ರಿಫಾರ್ಮರ್' ಪತ್ರಿಕೆ ಇದನ್ನು ಬರೀ ಆಟದ ಗೆಲುವಲ್ಲ, ಸಮಾಜ ಸುಧಾರಣೆಯ ಗೆಲುವು ಅಂತಲೇ ಕೊಂಡಾಡಿತು.

1911ರಲ್ಲಿ ಪಟಿಯಾಲಾ ಮಹಾರಾಜ ಭೂಪಿಂದರ್ ಸಿಂಗ್ ನಾಯಕತ್ವದಲ್ಲಿ ಮೊದಲ ಅಖಿಲ ಭಾರತ ತಂಡ ಇಂಗ್ಲೆಂಡಿಗೆ ಹೋಯಿತು. 23 ಪಂದ್ಯಗಳಲ್ಲಿ ಗೆದ್ದದ್ದು 6, ಸೋತದ್ದು 15. ಸೋತು ಸುಣ್ಣವಾದ ಆ ತಂಡದಲ್ಲಿ ಬಾಲೂ ಒಬ್ಬರೇ 114 ವಿಕೆಟ್ ತೆಗೆದರು. ಆಗ ವಯಸ್ಸು ಮೂವತ್ತೈದು ದಾಟಿತ್ತು! ಒಟ್ಟು 33 ಫಸ್ಟ್ ಕ್ಲಾಸ್ ಪಂದ್ಯಗಳಲ್ಲಿ 179 ವಿಕೆಟ್, ಸರಾಸರಿ 15ರ ಆಸುಪಾಸು. ಭಾರತ ಮೊದಲ ಟೆಸ್ಟ್ ಆಡಿದ್ದು 1932ರಲ್ಲಿ. ಹಾಗಾಗಿ ಟೆಸ್ಟ್ ಆಟಗಾರರ ಪಟ್ಟಿಯಲ್ಲಿ ಅವರ ಹೆಸರು ಹುಡುಕಿದರೆ ಸಿಗಲ್ಲ.

ಸಿಗದೇ ಇರೋದು ಅದೊಂದೇ ಅಲ್ಲ. ಪೂನಾ ಕ್ಲಬ್ಬಿನ ನೆಟ್ಟಿನಲ್ಲಿ ಬಾಲೂ ಹಾಕಿದ ಸಾವಿರಾರು ಚೆಂಡುಗಳು ಯಾವ ಸ್ಕೋರ್ ಪುಸ್ತಕದಲ್ಲೂ ಇಲ್ಲ. ಸ್ಕೋರ್ ಪುಸ್ತಕ ಬರೆಯೋನು ಏನನ್ನು ಎಣಿಸಬೇಕು ಅಂತ ಮೊದಲೇ ತೀರ್ಮಾನ ಮಾಡಿರುತ್ತಾನೆ. ಅಮೆರಿಕದ ಬೇಸ್‌ಬಾಲ್‌ನಲ್ಲೂ ಇದೇ ಕಥೆ. ಅಲ್ಲಿ ಬೌಲರ್ ಜಾಗದಲ್ಲಿ ಪಿಚರ್. ಶುರುವಿನ ಪಿಚರ್ ಸುಸ್ತಾದಾಗಲೋ, ಹೊಡೆತ ತಿನ್ನುವಾಗಲೋ ನಡುವೆ ಬಂದು ಪಂದ್ಯ ಕಾಪಾಡೋನು ರಿಲೀಫ್ ಪಿಚರ್. ಬಾಲೂ ಇಂಗ್ಲೆಂಡಿನಲ್ಲಿ ಬೆವರು ಸುರಿಸುತ್ತಿದ್ದ ಕಾಲಕ್ಕೇ ನ್ಯೂಯಾರ್ಕ್ ಜೈಂಟ್ಸ್ ತಂಡದಲ್ಲಿ ಜೇಮ್ಸ್ ಕ್ರಾಂಡಲ್ ಅನ್ನೋನು ಈ ಕೆಲಸಕ್ಕೆ ಹೆಸರಾಗಿದ್ದ. ಕಾಯಿಲೆ ಬಿದ್ದ ಪಂದ್ಯಕ್ಕೆ ಮದ್ದು ಕೊಡೋನು ಅಂತ ಅವನನ್ನು 'ಡಾಕ್' ಅಂತಲೇ ಕರೆಯುತ್ತಿದ್ದರು. ಆದರೆ ಹೀಗೆ ನಡುವೆ ಬಂದು ಗೆಲುವು ಉಳಿಸಿದವನಿಗೆ 'ಸೇವ್' ಅಂತ ಒಂದು ಅಂಕಣ ಅಧಿಕೃತ ಲೆಕ್ಕಕ್ಕೆ ಬಂದದ್ದು 1969ರಲ್ಲಿ! ಕೆಲಸ ಅಷ್ಟು ವರ್ಷ ಮಾಡಿಸಿಕೊಂಡರು, ಎಣಿಸಲು ಶುರು ಮಾಡಿದ್ದು ಆಮೇಲೆ. ನಡುವೆ ಕರೆಸಿಕೊಂಡು ದುಡಿಸೋರ ಬುದ್ಧಿ ಎಲ್ಲ ದೇಶದಲ್ಲೂ ಒಂದೇ.

ಈಗ ನನ್ನ ನಿಜವಾದ ತಕರಾರಿಗೆ ಬರ್ತೀನಿ.

ಬಾಲೂ ಕಥೆಯನ್ನು ಸಾಮಾನ್ಯವಾಗಿ ಹೇಳೋದು ಹೀಗೆ: ನೋಡಿ, ಪ್ರತಿಭೆ ಇದ್ದರೆ ಜಾತಿಯೂ ಸೋಲುತ್ತೆ, ಆಟಕ್ಕೆ ಜಾತಿಯಿಲ್ಲ. ಕೇಳೋಕೆ ಎಷ್ಟು ಚೆನ್ನಾಗಿದೆ! ಆದರೆ ಲೆಕ್ಕ ಹಾಕಿ. ಪಿಂಗಾಣಿ ಕಪ್ಪಿನ ಒಂದು ಟೀ ಕುಡಿಯೋಕೆ ಬಾಲೂ ಎಷ್ಟು ವಿಕೆಟ್ ತೆಗೆಯಬೇಕಾಯಿತು? ಅದೇ ಓಣಿಯಲ್ಲಿ ಚಪ್ಪಲಿ ಹೊಲೀತಾ ಕೂತಿದ್ದ ಅವರದೇ ಬಳಗದವನು, ಚೆಂಡು ಹಿಡಿಯೋಕೂ ಬಾರದವನು, ಅವನಿಗೆ ಆ ಕಪ್ಪು ಬಂತೇ? ಬರಲಿಲ್ಲ. ಬಾಲೂಗೆ ಕೊಟ್ಟದ್ದು ಹಕ್ಕಲ್ಲ ಸ್ವಾಮಿ, ಬಹುಮಾನ. ಬಹುಮಾನ ಕೊಡೋನು ಯಾವಾಗ ಬೇಕಾದರೂ ಕೈ ಹಿಂದೆ ತಗೋಬಹುದು.

ತಗೊಂಡರು ಕೂಡ. ವರ್ಷಾನುಗಟ್ಟಲೆ ತಂಡದ ಮುಖ್ಯ ಬೌಲರ್ ಆಗಿದ್ದರೂ, ಹಿರಿಯರಾಗಿದ್ದರೂ, ಹಿಂದೂ ತಂಡದ ನಾಯಕತ್ವ ಬಾಲೂಗೆ ಕೊಡಲಿಲ್ಲ. ವಿಕೆಟ್ ಬೇಕು, ಅಪ್ಪಣೆ ಬೇಡ. 1920ರ ಚತುಷ್ಕೋನ ಪಂದ್ಯಾವಳಿಯಲ್ಲಂತೂ ಮೊದಲು ಅವರನ್ನು ತಂಡದಿಂದಲೇ ಬಿಟ್ಟರು. ಆಗ ಏನಾಯಿತು ಗೊತ್ತೇ? ಅದೇ ತಂಡದಲ್ಲಿದ್ದ ತಮ್ಮಂದಿರು ಶಿವರಾಮ್ ಮತ್ತು ವಿಠ್ಠಲ್, ಇಬ್ಬರೂ ಒಳ್ಳೆಯ ಬ್ಯಾಟ್ಸ್‌ಮನ್‌ಗಳು, ಈ ಜಾತಿ ಲೆಕ್ಕಾಚಾರದಲ್ಲಿ ನಾವು ಆಡಲ್ಲ ಅಂತ ಬಹಿರಂಗವಾಗಿ ಹೇಳಿ ಹೊರಗೆ ನಡೆದರು. ಜನ ಅವರ ಪರ ನಿಂತರು. ಫೈನಲ್ ಹೊತ್ತಿಗೆ ಬಾಲೂ ವಾಪಸ್ ಬಂದರು, ಅದೂ ಉಪನಾಯಕರಾಗಿ. ನಾಯಕ ಎಂ.ಡಿ. ಪೈ ಸ್ವಲ್ಪ ಹೊತ್ತು ತಾವೇ ಮೈದಾನ ಬಿಟ್ಟು ಹೊರಗೆ ಹೋಗಿ, ಬಾಲೂ ತಂಡ ನಡೆಸೋಕೆ ಅವಕಾಶ ಮಾಡಿಕೊಟ್ಟರು. ಮೂರು ವರ್ಷದ ನಂತರ, 1923ರಲ್ಲಿ, ತಮ್ಮ ವಿಠ್ಠಲ್ ಪೂರ್ಣ ಪ್ರಮಾಣದ ನಾಯಕರಾಗಿ ಹಿಂದೂ ತಂಡವನ್ನು ಗೆಲ್ಲಿಸಿದರು.

ಇದನ್ನು ಸ್ವಲ್ಪ ನಿಧಾನಕ್ಕೆ ನೋಡಿ. ಇಪ್ಪತ್ತು ವರ್ಷಕ್ಕೂ ಹೆಚ್ಚು ಬೌಲ್ ಮಾಡಿದ್ದರಿಂದ ಸಿಗದ ಸ್ಥಾನ, ಮನೆಮಂದಿ ಒಂದು ಪಂದ್ಯ ಆಡಲ್ಲ ಅಂದದ್ದರಿಂದ ಸಿಕ್ಕಿತು.

ಇಲ್ಲಿಗೆ ಬಂದಾಗ ನನಗೆ ಪುಣೆ, ಬೊಂಬಾಯಿ ಬಿಟ್ಟು ನಾನಿರೋ ಈ ನಾಡು ಕಣ್ಣಿಗೆ ಬರುತ್ತೆ. ಯಾಕೆಂದರೆ ಅದೇ ವರ್ಷಗಳಲ್ಲಿ ಕೊಚ್ಚಿ ಮತ್ತು ತಿರುವನಂತಪುರದಲ್ಲಿ ಜನ ಇದೇ ಪ್ರಶ್ನೆಯನ್ನು ಬೇರೆ ಥರ ಕೇಳಿದ್ದರು.

ಎರ್ನಾಕುಲಂನ ಮರೀನ್ ಡ್ರೈವಿನಲ್ಲಿ ಸಂಜೆ ಗಾಳಿಗೆ ಓಡಾಡ್ತೀವಲ್ಲ, ಎದುರಿಗೆ ಕಾಣೋ ಆ ಹಿನ್ನೀರಿನ ಮೇಲೆ 1913ರಲ್ಲಿ ಒಂದು ಸಭೆ ನಡೆಯಿತು. ಪುಲಯರು ಸಭೆ ಸೇರೋಕೆ ನೆಲದ ಮೇಲೆ ಯಾರೂ ಜಾಗ ಕೊಡಲ್ಲ. ಮೀನುಗಾರ ಸಮುದಾಯದ ಕವಿ ಪಂಡಿತ್ ಕೆ.ಪಿ. ಕರುಪ್ಪನ್ ಮುಂದಾಳತ್ವದಲ್ಲಿ ದೋಣಿಗೆ ದೋಣಿ ಕಟ್ಟಿ, ನೀರಿನ ಮೇಲೇ ಸಭೆ ಮಾಡಿದರು. ನೆಲವಾದರೆ ರಾಜನದ್ದು, ಜಮೀನ್ದಾರನದ್ದು, ನೀರು ಯಾರಪ್ಪನದು? ಮಲಯಾಳದಲ್ಲಿ ಅದನ್ನು 'ಕಾಯಲ್ ಸಮ್ಮೇಳನ' ಅಂತಾರೆ.

ನಾಲ್ಕು ವರ್ಷದ ಮೇಲೆ, 1917ರ ಮೇ 29ರಂದು, ವೈಪಿನ್ ದ್ವೀಪದ ಉತ್ತರ ತುದಿಯ ಚೆರಾಯಿಯಲ್ಲಿ ಕೆ. ಅಯ್ಯಪ್ಪನ್ ಅನ್ನೋ ಯುವಕ ಈಳವರನ್ನೂ ಪುಲಯರನ್ನೂ ಒಂದೇ ಪಂಕ್ತಿಯಲ್ಲಿ ಕೂರಿಸಿ ಊಟ ಮಾಡಿಸಿದ. ಮಿಶ್ರಭೋಜನ. ಸ್ವಜಾತಿಯವರೇ ಬಹಿಷ್ಕಾರ ಹಾಕಿ, 'ಪುಲಯ ಅಯ್ಯಪ್ಪ' ಅಂತ ಹೀಯಾಳಿಸಿದರು. ಅವರು ಆ ಹೆಸರನ್ನು ಬಿರುದಿನ ಹಾಗೆ ಹೊತ್ತುಕೊಂಡರು. ನಾವು ಬೀಚ್ ನೋಡೋಕೆ ಚೆರಾಯಿಗೆ ಎಷ್ಟು ಸಲ ಹೋಗಿಲ್ಲ? ಊರಿಂದ ಬಂದ ನೆಂಟರನ್ನೆಲ್ಲ ಕರಕೊಂಡು ಹೋಗ್ತೀವಿ. ಮುಂದಿನ ಸಲ ಹೋದಾಗ ಈ ಊಟದ ವಿಷಯವೂ ಹೇಳಿ.

ಚೆರಾಯಿಯಲ್ಲಿ ಆ ದಿನ ಪಂಕ್ತಿಗೆ ಕೂತವರಲ್ಲಿ ಯಾರು ಎಷ್ಟು ವಿಕೆಟ್ ತೆಗೆದಿದ್ದರು? ಯಾರೂ ಯಾವ ವಿಕೆಟ್ಟೂ ತೆಗೆದಿರಲಿಲ್ಲ. ಮನುಷ್ಯರಾಗಿದ್ದರು, ಹಸಿವಿತ್ತು, ಎಲೆ ಹಾಕಿದರು. ನನ್ನ ಮಟ್ಟಿಗೆ ಪುಣೆಯ ಟೀಗೂ ಚೆರಾಯಿಯ ಊಟಕ್ಕೂ ಇರೋ ವ್ಯತ್ಯಾಸ ಇದೇ.

ಇನ್ನು ತಿರುವನಂತಪುರ. ವೆಳ್ಳಯಂಬಲಂ ಸರ್ಕಲ್ಲಿನಲ್ಲಿ ತಲೆಗೆ ಮುಂಡಾಸು ಕಟ್ಟಿ ಕೋಟು ಹಾಕಿದ ಒಬ್ಬರ ಪ್ರತಿಮೆ ನೋಡಿರ್ತೀರಿ. ಅವರು ಅಯ್ಯಂಕಾಳಿ. ಹುಟ್ಟಿದ್ದು 1863ರಲ್ಲಿ, ಹತ್ತಿರದ ವೆಂಗಾನೂರಿನಲ್ಲಿ. ಓದು ಬರಹ ಬಾರದು. 1893ರಲ್ಲಿ ಎರಡು ಎತ್ತು ಹೂಡಿದ ವಿಲ್ಲುವಂಡಿಯಲ್ಲಿ ಕೂತು, ಪುಲಯರು ನಡೆಯಬಾರದ ರಸ್ತೆಯಲ್ಲಿ ಗಂಟೆ ಬಾರಿಸುತ್ತಾ ಹೋದರು. ಅಡ್ಡ ಬಂದವರಿಗೆ ಹೆದರಲಿಲ್ಲ. ಆಮೇಲೆ ನಮ್ಮ ಮಕ್ಕಳನ್ನು ಶಾಲೆಗೆ ಸೇರಿಸಿಕೊಳ್ಳಿ ಅಂತ ಕೇಳಿದರು. ಒಪ್ಪಲಿಲ್ಲ. ಸರಿ, ನಮ್ಮ ಮಕ್ಕಳು ಶಾಲೆ ಮೆಟ್ಟಿಲು ಹತ್ತದಿದ್ದರೆ ನಾವೂ ನಿಮ್ಮ ಗದ್ದೆಗೆ ಇಳಿಯಲ್ಲ ಅಂದುಬಿಟ್ಟರು. ಇಪ್ಪತ್ತನೇ ಶತಮಾನದ ಶುರುವಿನ ವರ್ಷಗಳಲ್ಲಿ ಕೂಲಿಯಾಳುಗಳು ನಾಟಿಗೆ ಹೋಗದೆ ಕೂತದ್ದು ಈ ದೇಶದ ಮೊದಮೊದಲ ಕೃಷಿ ಕಾರ್ಮಿಕರ ಮುಷ್ಕರಗಳಲ್ಲೊಂದು. ಉಪವಾಸ ಬಿದ್ದರು, ಮೀನುಗಾರರ ಜೊತೆ ದೋಣಿ ಹತ್ತಿ ದುಡಿದರು, ಗದ್ದೆಗೆ ಮಾತ್ರ ಇಳಿಯಲಿಲ್ಲ. ಊರುಟ್ಟಂಬಲಂ ಶಾಲೆಗೆ ಪಂಚಮಿ ಅನ್ನೋ ಹುಡುಗಿಯನ್ನು ಕೈಹಿಡಿದು ಕರಕೊಂಡು ಹೋದರೆ, ಮೇಲ್ಜಾತಿಯವರು ಶಾಲೆಗೇ ಬೆಂಕಿ ಇಟ್ಟರು. ಆದರೂ ಬಿಡಲಿಲ್ಲ.

1911ರಲ್ಲಿ, ಬಾಲೂ ಇಂಗ್ಲೆಂಡಿನಲ್ಲಿ 114 ವಿಕೆಟ್ ತೆಗೆದ ಅದೇ ವರ್ಷ, ಅಯ್ಯಂಕಾಳಿ ತಿರುವಾಂಕೂರಿನ ಶ್ರೀಮೂಲಂ ಪ್ರಜಾಸಭೆಯ ಸದಸ್ಯರಾಗಿ ನೇಮಕವಾದರು. ಆ ಸಭೆ ಸೇರುತ್ತಿದ್ದದ್ದು ವಿ.ಜೆ.ಟಿ. ಹಾಲಿನಲ್ಲಿ, ಅಂದರೆ ವಿಕ್ಟೋರಿಯಾ ಜೂಬಿಲಿ ಟೌನ್ ಹಾಲ್. 2019ರಲ್ಲಿ ಕೇರಳ ಸರ್ಕಾರ ರಾಣಿಯ ಹೆಸರು ತೆಗೆದು ಅಯ್ಯಂಕಾಳಿ ಹೆಸರಿಟ್ಟಿತು.

ಈಗ ಕೆಲವರು ಕೇಳಬಹುದು: ಏನ್ರೀ, ಕ್ರಿಕೆಟ್ಟಿಗೂ ಗದ್ದೆ ಕೆಲಸಕ್ಕೂ ಏನು ಸಂಬಂಧ? ಬಾಲೂ ಸಾಧನೆಯನ್ನು ಸಣ್ಣದು ಮಾಡ್ತಿದೀರಾ? ಖಂಡಿತ ಇಲ್ಲ. ಆ ಮನುಷ್ಯ ಚೆಂಡು ತಿರುಗಿಸಿದ್ದಕ್ಕೆ ಸಾವಿರಾರು ಜನ ತಲೆ ಎತ್ತಿ ನಡೆದರು. ಇಂಗ್ಲೆಂಡಿನಿಂದ ಬಂದಾಗ ಬೊಂಬಾಯಿಯಲ್ಲಿ ದಲಿತರು ಮಾಡಿದ ಸನ್ಮಾನಕ್ಕೆ ಮಾನಪತ್ರ ಬರೆದವರು ಆಗಿನ್ನೂ ಕಾಲೇಜು ಹುಡುಗನಾಗಿದ್ದ ಅಂಬೇಡ್ಕರ್ ಅಂತ ಹೇಳ್ತಾರೆ. ನನ್ನ ಜಗಳ ಬಾಲೂ ಜೊತೆ ಅಲ್ಲ, ಅವರ ವಿಕೆಟ್ಟುಗಳನ್ನು ನೆವ ಮಾಡಿಕೊಂಡು 'ಪ್ರತಿಭೆ ಇದ್ದರೆ ಸಾಕು' ಅನ್ನೋರ ಜೊತೆ. ಪ್ರತಿಭೆಯಿಂದ ಒಬ್ಬ ಒಳಗೆ ಬರ್ತಾನೆ, ಬಾಗಿಲು ಇದ್ದಲ್ಲೇ ಇರುತ್ತೆ.

ಬದುಕಿನ ಕೊನೆಯ ಅಧ್ಯಾಯದಲ್ಲಿ ಈ ಎರಡು ದಾರಿಗಳು ನೇರ ಎದುರುಬದುರಾದವು. ಬಾಲೂ ಗಾಂಧಿಯವರ ದಾರಿ ನಂಬಿದವರು, ಮೇಲ್ಜಾತಿಯವರ ಮನಸ್ಸು ಬದಲಾಗುತ್ತೆ ಅಂತ. 1932ರ ಪೂನಾ ಒಪ್ಪಂದದ ಮಾತುಕತೆಯಲ್ಲೂ ಅವರಿದ್ದರು. 1937ರ ಬೊಂಬಾಯಿ ವಿಧಾನಸಭೆ ಚುನಾವಣೆಯಲ್ಲಿ ಕಾಂಗ್ರೆಸ್ ಅವರನ್ನು ನಿಲ್ಲಿಸಿದ್ದು ಯಾರ ವಿರುದ್ಧ ಗೊತ್ತೇ? ಹಿಂದೆ ಮಾನಪತ್ರ ಬರೆದ ಅದೇ ಅಂಬೇಡ್ಕರ್ ವಿರುದ್ಧ. ಅಂಬೇಡ್ಕರ್‌ಗೆ 13,245 ಮತ, ಬಾಲೂಗೆ 11,225. ಬಾಲೂ ಸೋತರು. ಸೋತರೂ ಹನ್ನೊಂದು ಸಾವಿರ ಜನ ಅವರನ್ನು ನಂಬಿದ್ದರು ಅನ್ನೋದು ಸಣ್ಣ ಮಾತಲ್ಲ. ಇಬ್ಬರಲ್ಲಿ ಯಾರ ದಾರಿ ಸರಿ ಅಂತ ಕೇಳಿದರೆ ನಾನು ಅಂಬೇಡ್ಕರ್ ಕಡೆ. ಆದರೆ ಬಾಲೂ ಮೇಲೆ ಸಿಟ್ಟು ಬರಲ್ಲ. ಮಣ್ಣಿನ ಕುಡಿಕೆಯಿಂದ ಪಿಂಗಾಣಿ ಕಪ್ಪಿನವರೆಗೆ ತನ್ನ ಕಣ್ಣೆದುರೇ ಬದಲಾವಣೆ ನೋಡಿದವನು ಮನಸ್ಸು ಬದಲಾಗುತ್ತೆ ಅಂತ ನಂಬಿದರೆ ಅದರಲ್ಲಿ ಆಶ್ಚರ್ಯವೇನು? 1955ರ ಜುಲೈ 4ರಂದು ಬೊಂಬಾಯಿಯಲ್ಲಿ ತೀರಿಕೊಂಡರು.

ಸರಿ, ಇದನ್ನೆಲ್ಲ ಈಗ ಕೊಚ್ಚಿಯಲ್ಲಿ ಕೂತು ಯಾಕೆ ಬರೀತಿದೀನಿ?

ನಾನಿರೋ ಅಪಾರ್ಟ್‌ಮೆಂಟಿನಲ್ಲಿ ಎರಡು ಲಿಫ್ಟಿವೆ. ಒಂದರ ಪಕ್ಕ ಒಂದು ಬೋರ್ಡು: ಮನೆಗೆಲಸದವರು, ಡೆಲಿವರಿಯವರು ಇನ್ನೊಂದು ಲಿಫ್ಟನ್ನೇ ಬಳಸಬೇಕು. ಮೀಟಿಂಗಿನಲ್ಲಿ ನಾನು ಕೇಳಿದೆ, ಯಾಕೆ ಅಂತ. ಸ್ವಚ್ಛತೆ ಅಂದರು. ನಮ್ಮ ಮನೆಯನ್ನು ಸ್ವಚ್ಛ ಮಾಡೋರಿಂದ ಲಿಫ್ಟು ಗಲೀಜಾಗುತ್ತಂತೆ! ಬೋರ್ಡು ಈಗಲೂ ಹಾಗೇ ಇದೆ, ನಾನು ಪ್ರತಿ ಮೀಟಿಂಗಿನಲ್ಲೂ ಕೇಳ್ತಾನೇ ಇದೀನಿ.

ಅದು ಬಿಡಿ, ನಮ್ಮ ಕನ್ನಡಿಗರ ವಿಷಯಕ್ಕೇ ಬರೋಣ. ಯುಗಾದಿಗೆ, ರಾಜ್ಯೋತ್ಸವಕ್ಕೆ ಸೇರ್ತೀವಿ. ಹೋಳಿಗೆ, ಕೋಸಂಬರಿ, ಬಿಸಿಬೇಳೆಬಾತ್ ಎಲ್ಲ ಆಗುತ್ತೆ. ಇಂಥದೇ ಒಂದು ಸಲ ಬೆಳಿಗ್ಗೆಯಿಂದ ಪಾತ್ರೆ ಹೊತ್ತು, ತರಕಾರಿ ಹೆಚ್ಚಿ, ಎಲೆ ಹಾಕಿದ ಇಬ್ಬರು ಅಸ್ಸಾಮಿ ಹುಡುಗರು ಮೂರೂವರೆಗೆ ಹಿಂದಿನ ಮೆಟ್ಟಿಲ ಮೇಲೆ ಪೇಪರ್ ಪ್ಲೇಟಿನಲ್ಲಿ ಉಣ್ಣುತ್ತಿದ್ದರು. ಒಳಗೆ ಪಂಕ್ತಿ ಖಾಲಿ ಇತ್ತು, ಎಲೆಯೂ ಉಳಿದಿತ್ತು. ಯಾರೂ ಅವರನ್ನು ಹೊರಗೆ ಕೂರಿ ಅಂತ ಹೇಳಿರಲಿಲ್ಲ, ನಿಜ. ಒಳಗೆ ಬನ್ನಿ ಅಂತಲೂ ಹೇಳಿರಲಿಲ್ಲ. ಅವತ್ತು ವೇದಿಕೆ ಮೇಲೆ ಬಸವಣ್ಣನ ಬಗ್ಗೆ ಭಾಷಣ ಬಹಳ ಚೆನ್ನಾಗಾಗಿತ್ತು.

ಕೇರಳ ಸರ್ಕಾರ 2017ರಲ್ಲಿ ಈ ಅತಿಥಿ ಕಾರ್ಮಿಕರಿಗೆ 'ಆವಾಸ್' ಅಂತ ವಿಮಾ ಯೋಜನೆ ತಂದಿತು. ಸರ್ಕಾರ ಮಾಡಬಹುದಾದದ್ದನ್ನು ಸರ್ಕಾರ ಮಾಡಲಿ. ಆದರೆ ನಿಮ್ಮ ಅಡಿಗೆಮನೆ ಕಿಟಕಿಯಲ್ಲಿ ಬೋರಲು ಹಾಕಿಟ್ಟ ಆ ಪ್ರತ್ಯೇಕ ಸ್ಟೀಲ್ ಲೋಟವನ್ನು ಯಾವ ಸರ್ಕಾರವೂ ಬಂದು ಒಳಗಿಡಲ್ಲ. ಅದು ನಾವೇ ಮಾಡಬೇಕಾದ ಕೆಲಸ.

ನಮಗೆ ಇದು ಬೇಗ ಅರ್ಥವಾಗಬೇಕು, ಯಾಕೆಂದರೆ ನಾವೂ ಹೊರಗಿನಿಂದ ಬಂದವರೇ. ಮೊದಲ ವರ್ಷ ಮಲಯಾಳ ಬಾರದೆ ಬಸ್ಸಿನ ಬೋರ್ಡು ಓದಲಾಗದೆ ನಿಂತದ್ದು, ಬಾಡಿಗೆ ಮನೆ ಕೇಳಿದರೆ 'ಯಾವ ಜನ' ಅಂತ ಸುತ್ತಿ ಬಳಸಿ ವಿಚಾರಿಸಿದ್ದು, ಎಲ್ಲ ನೆನಪಿರಬೇಕಲ್ಲ? ಆಗ ನಮ್ಮನ್ನು ಒಳಗೆ ಕೂರಿಸಿ ಕಪ್ಪಾ ಮೀನು ಇಲ್ಲವೇ ಪುಟ್ಟು ಕಡಲೆ ಕೊಟ್ಟ ನೆರೆಮನೆಯವರು ನಾವು ಏನು ಸಾಧಿಸಿದ್ದೇವೆ ಅಂತ ಕೇಳಲಿಲ್ಲ. ಜಲಜ್ ಸಕ್ಸೇನಾಗೆ 400 ವಿಕೆಟ್ ಆದಾಗ ಚಪ್ಪಾಳೆ ತಟ್ಟಿದ್ದು ಸರಿ, ನಾನೂ ತಟ್ಟಿದ್ದೇನೆ. ಚಪ್ಪಾಳೆ ಸಾಧನೆಗೆ ಇರಲಿ. ಲೋಟ, ಲಿಫ್ಟು, ಪಂಕ್ತಿ, ಇವಕ್ಕೆ ಸಾಧನೆಯ ಸರ್ಟಿಫಿಕೇಟ್ ಕೇಳಬಾರದು.

ಹಾಗಾಗಿ ನನ್ನದು ಎರಡು ಸಣ್ಣ ಬೇಡಿಕೆ. ಒಂದು, ಮುಂದಿನ ರಾಜ್ಯೋತ್ಸವದಲ್ಲಿ ಕನ್ನಡ ನಾಡಿನ ಆಟಗಾರರ ಹೆಸರು ಓದುವಾಗ ಧಾರವಾಡದಲ್ಲಿ ಹುಟ್ಟಿದ ಪಾಲ್ವಣಕರ್ ಬಾಲೂ ಹೆಸರನ್ನೂ ಓದೋಣ, ವಿಕೆಟ್ ಲೆಕ್ಕದ ಜೊತೆ ಮಣ್ಣಿನ ಕುಡಿಕೆಯನ್ನೂ ಹೇಳೋಣ. ಎರಡು, ಅವತ್ತಿನ ಮೊದಲ ಪಂಕ್ತಿಯಲ್ಲಿ ಅಡಿಗೆಯವರೂ, ಪಾತ್ರೆ ತೊಳೆಯೋರೂ ಕೂರಲಿ, ಬಡಿಸೋಕೆ ನಾವು ನಿಲ್ಲೋಣ. ಹೋಳಿಗೆ ಬಡಿಸೋ ಕೆಲಸ ನನಗಿರಲಿ. ನಿಮ್ಮಲ್ಲಿ ತುಪ್ಪದ ಮಿಳ್ಳೆ ಯಾರು ಹಿಡೀತೀರಿ, ಹೇಳಿ?